ಅಧಿಕಾರ ಹೋದ ಅರಸನ ಕುದುರೆ

ಚದುರಂಗದ ಹಲಗೆಯಿಂದ ಉಳಿದ ಕಾಯಿಗಳನ್ನೆಲ್ಲ ಎತ್ತಿಟ್ಟು ಒಂದೇ ಒಂದು ಕುದುರೆ ಬಿಡಿ. ಅದು ತನ್ನ ಎರಡೂವರೆ ಮನೆಯ ನಡೆಯಲ್ಲೇ ಹಾರುತ್ತ, ತುಳಿದ ಮನೆಯನ್ನು ಮತ್ತೆ ತುಳಿಯದೆ, 64 ಮನೆಗಳನ್ನೂ ಮುಗಿಸಬೇಕು. ಹೊರಟ ಮನೆಗೆ 1, ಮುಂದಿನದಕ್ಕೆ 2, ಹೀಗೆ ಕೊನೆಯ ಮನೆಯವರೆಗೆ ಅಂಕಿ ಬರೆಯುತ್ತ ಹೋಗಿ. ತಾಳ್ಮೆಯಿದ್ದವರಿಗೆ ಇಷ್ಟು ದಕ್ಕೀತು. ಹೊರಟಲ್ಲಿಗೇ ಮರಳಬಲ್ಲ ಸುತ್ತುಗಳೇ 13 ಲಕ್ಷ ಕೋಟಿಗೂ ಹೆಚ್ಚಿವೆ, ಯಾವುದಾದರೊಂದು ಕೈಗೆ ಸಿಗುತ್ತದೆ. ಆದರೆ ಬರೆದ ಅಂಕಿಗಳನ್ನು ಅಡ್ಡಡ್ಡ ಕೂಡಿದರೂ ಉದ್ದುದ್ದ ಕೂಡಿದರೂ ಪ್ರತಿ ಸಾಲಿನ ಮೊತ್ತ 260 ಆಗಬೇಕು ಎಂದು ಷರತ್ತು ಹಾಕಿದರೆ ಆ ಸಾಗರ ಬತ್ತಿಹೋಗುತ್ತದೆ. ಉಳಿಯುವ ಮಾದರಿಗಳು ಬರೀ 140. ಎರಡು ಕರ್ಣಗಳ ಮೊತ್ತವೂ 260 ಬರಲಿ ಎಂದರೆ ಅಂಥದ್ದು ಒಂದೂ ಇಲ್ಲ. ಈ ಎರಡೂ ಮಾತು ಖಚಿತವಾದದ್ದು 2003ರ ಆಗಸ್ಟ್‌ನಲ್ಲಿ, ಕಂಪ್ಯೂಟರುಗಳು ಸುಮಾರು ಎರಡು ತಿಂಗಳ ಕಾಲ ಸಾಧ್ಯತೆಗಳನ್ನೆಲ್ಲ ಜಾಲಾಡಿದ ಮೇಲೆ.

ಕಂಪ್ಯೂಟರಿನ ಹೆಸರೇ ಇಲ್ಲದ ಕಾಲದಲ್ಲಿ ಈ ಹುಚ್ಚನ್ನು ಹಚ್ಚಿಕೊಂಡಿದ್ದವರು ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು. ಅವರಿಗೆ ಎಂಟೆಂಟು ಮನೆಯ ಹಲಗೆ ಸಾಲಲಿಲ್ಲ. ಹನ್ನೆರಡಕ್ಕೆ ಹನ್ನೆರಡರ ಹಲಗೆ ಹಾಕಿ, 144 ಮನೆಗಳಲ್ಲಿ ಕುದುರೆಯನ್ನು ಹಾರಿಸಿ, ಪ್ರತಿ ಅಡ್ಡಸಾಲು, ಪ್ರತಿ ಉದ್ದಸಾಲು 870 ಬರುವ ಸುತ್ತನ್ನು ಕಟ್ಟಿದರು. ಇದರ ಕಷ್ಟ ಎಂಥದ್ದು ಎನ್ನುವುದನ್ನು ವೈ.ಎನ್.ಹೊಸಕೋಟೆಯ ಮಗ್ಗದ ಮನೆಯವರಿಗೆ ತಿಳಿಸುವುದು ಸುಲಭ. ಸೀರೆಯ ಸೆರಗಿಗೆ ಚೌಕುಳಿ ಹಾಳೆಯ ಮೇಲೆ ಹೂವು ಬಿಡಿಸುವಾಗ ಒಂದು ಮನೆ ತಪ್ಪಿದರೆ ಆ ಮನೆಯನ್ನಷ್ಟೇ ಅಳಿಸಿ ತಿದ್ದಬಹುದು. ಕುದುರೆಯ ಸುತ್ತಿನಲ್ಲಿ ಅದು ನಡೆಯದು. 23ನ್ನು ಕಿತ್ತರೆ 22 ಮತ್ತು 24 ಎರಡೂ ಕೈಬಿಡುತ್ತವೆ, ಅವನ್ನು ಹೊಂದಿಸಲು ಹೋದರೆ ಅಡ್ಡಸಾಲಿನ ಮೊತ್ತ ಕೆಡುತ್ತದೆ, ಅದನ್ನು ಸರಿಮಾಡುವಷ್ಟರಲ್ಲಿ ಉದ್ದಸಾಲು ಕೈಕೊಟ್ಟಿರುತ್ತದೆ. ಆಸರೆಯೆಂದರೆ ಒಂದೆರಡು ನಿಯಮ ಮಾತ್ರ. ಕುದುರೆ ಬಿಳಿ ಮನೆಯಿಂದ ಹಾರಿದರೆ ಇಳಿಯುವುದು ಕಪ್ಪು ಮನೆಗೇ. ಆದ್ದರಿಂದ ಬೆಸ ಅಂಕಿಗಳೆಲ್ಲ ಒಂದು ಬಣ್ಣದಲ್ಲಿ, ಸಮ ಅಂಕಿಗಳೆಲ್ಲ ಇನ್ನೊಂದರಲ್ಲಿ ಕೂರುತ್ತವೆ. ಮೂಲೆಮನೆಗೆ ಇರುವುದು ಎರಡೇ ಬಾಗಿಲು, ಸುತ್ತು ಕೂಡಿಕೊಳ್ಳಬೇಕಾದರೆ ಒಂದರಿಂದ ಬಂದು ಇನ್ನೊಂದರಿಂದಲೇ ಹೊರಡಬೇಕು. ಉಳಿದದ್ದೆಲ್ಲ ಕಟ್ಟುವವನ ತಲೆಗೆ ಬಿಟ್ಟದ್ದು.

ಇಷ್ಟಾದರೂ ನಮ್ಮ ಚರಿತ್ರೆಯ ಪುಸ್ತಕಗಳು ಈ ಅರಸನ ಆಟದ ಪ್ರೀತಿಯನ್ನು ಒಂದು ಸಾಲಿನಲ್ಲಿ ಮುಗಿಸುತ್ತವೆ, ಅದೂ ತುಸು ಮುಜುಗರದಿಂದ. ಕಾರಣ ಗೊತ್ತಿರುವುದೇ. ಟಿಪ್ಪು ಮಡಿದ 1799ರಲ್ಲಿ ಐದು ವರ್ಷದ ಮಗುವಾಗಿ ಪಟ್ಟಕ್ಕೆ ಕೂತವರು, ದಿವಾನ್ ಪೂರ್ಣಯ್ಯನವರ ಕೈಯಿಂದ ಆಡಳಿತ ವಹಿಸಿಕೊಂಡವರು, ನಗರ ಸೀಮೆಯ ರೈತರ ದಂಗೆಯ ನೆಪದಲ್ಲಿ 1831ರಲ್ಲಿ ಬ್ರಿಟಿಷರಿಗೆ ಅಧಿಕಾರ ಕಳೆದುಕೊಂಡವರು. ಆಮೇಲೆ 1868ರಲ್ಲಿ ತೀರಿಕೊಳ್ಳುವವರೆಗೆ ಅರಮನೆ ಇತ್ತು, ಆಳ್ವಿಕೆ ಇರಲಿಲ್ಲ. ಕೆಲಸವಿಲ್ಲದ ದೊರೆ ಹಲಗೆಯ ಮುಂದೆ ಹೊತ್ತು ಕಳೆದ ಎಂಬ ಚಿತ್ರ ಅವರ ಜಾಗದಲ್ಲಿ ಆಳಿದ ಬ್ರಿಟಿಷ್ ಕಮಿಷನರುಗಳ ಆಡಳಿತಕ್ಕೆ ಬಹಳ ಅನುಕೂಲವಾಗಿತ್ತು. ಅವರಿಗೆ ಅನುಕೂಲವಾದದ್ದನ್ನು ನಾವೇಕೆ ಇನ್ನೂ ಒಪ್ಪಿಕೊಂಡಿದ್ದೇವೆ ಎನ್ನುವುದು ನನ್ನ ತಕರಾರು. ಇದೇ ದೊರೆ ರಾಜ್ಯವನ್ನು ಮರಳಿ ಕೊಡಿ ಎಂದು ಗವರ್ನರ್ ಜನರಲ್‌ಗಳಿಗೆ ಪತ್ರದ ಮೇಲೆ ಪತ್ರ ಬರೆದವರು, 1865ರಲ್ಲಿ ದತ್ತು ತೆಗೆದುಕೊಂಡು ಪಟ್ಟುಬಿಡದೆ ವಾದಿಸಿದವರು. 1881ರಲ್ಲಿ ಮೈಸೂರು ಒಡೆಯರಿಗೆ ಮರಳಿದ್ದರ ಹಿಂದೆ ಆ ಹಟ ಇದೆ. ದಂಗೆಗೆ ಮುನ್ನಿನ ಅವರ ಆಡಳಿತ ಚೆನ್ನಾಗಿತ್ತು ಎಂದು ಇಲ್ಲಿ ವಾದಿಸುತ್ತಿಲ್ಲ. ರೈತರು ಸುಮ್ಮನೆ ದಂಗೆ ಏಳುವುದಿಲ್ಲ. ಆದರೆ ಆಡಳಿತದ ತಪ್ಪಿಗೆ ಗಣಿತವನ್ನು ಶಿಕ್ಷಿಸುವುದು ಯಾವ ನ್ಯಾಯ?

ಇನ್ನೊಂದು ಆಕ್ಷೇಪ ಇದಕ್ಕಿಂತ ಗಟ್ಟಿ. ಇಂಗ್ಲೆಂಡಿನ ವಿಲಿಯಂ ಬೆವರ್ಲಿ ಎಂಬಾತನ 260ರ ಸುತ್ತು ಅಚ್ಚಾದದ್ದು 1848ರಲ್ಲಿ. ಗಣಿತಜ್ಞ ಆಯ್ಲರ್ ಅದಕ್ಕೂ ಮೊದಲೇ, 1759ರಲ್ಲಿ, ಕುದುರೆಯ ಸುತ್ತನ್ನು ಬರ್ಲಿನ್ನಿನ ವಿದ್ವತ್ಸಭೆಯ ಮುಂದಿಟ್ಟಿದ್ದ. ಹಾಗಿರುವಾಗ ಬ್ರಿಟಿಷ್ ರೆಸಿಡೆಂಟರ ಒಡನಾಟವಿದ್ದ ಅರಮನೆಗೆ ಈ ಹುಚ್ಚು ಹಡಗು ಹತ್ತಿ ಬಂದಿರಬಾರದೇಕೆ? ಬಂದಿರಬಹುದು, ಆದರೆ ಬರುವ ಅಗತ್ಯ ಇರಲಿಲ್ಲ. ಕುದುರೆಯ ಸುತ್ತು ನಮ್ಮಲ್ಲಿ ಕಾವ್ಯದ ಮನೆಯಲ್ಲಿ ಹುಟ್ಟಿ ಬೆಳೆದದ್ದು. ಕಾಶ್ಮೀರದ ರುದ್ರಟ ಒಂಬತ್ತನೆಯ ಶತಮಾನದಲ್ಲೇ, ಕುದುರೆಯ ನಡೆಯಲ್ಲಿ ಅಕ್ಷರ ಜೋಡಿಸುವ ತುರಗಪದಬಂಧವನ್ನು ಚಿತ್ರಕಾವ್ಯಗಳ ಸಾಲಿಗೆ ಸೇರಿಸಿದ್ದ. ಅನುಷ್ಟುಪ್ ಶ್ಲೋಕಕ್ಕೆ 32 ಅಕ್ಷರ, ಎಂಟೆಂಟರಂತೆ ನಾಲ್ಕು ಪಾದ. ಒಂದರ ಕೆಳಗೊಂದು ಬರೆದರೆ ಅದು ಚದುರಂಗದ ಅರ್ಧ ಹಲಗೆಯೇ ಆಗಿಬಿಡುತ್ತದೆ. ಹದಿನಾಲ್ಕನೆಯ ಶತಮಾನದ ವೇದಾಂತದೇಶಿಕರು ಪಾದುಕಾಸಹಸ್ರದಲ್ಲಿ ಇನ್ನೂ ಮುಂದೆ ಹೋದರು. ಅಲ್ಲಿನ ಒಂದು ಶ್ಲೋಕವನ್ನು ಹಲಗೆಯಂತೆ ಹರಡಿ ಕುದುರೆಯ ನಡೆಯಲ್ಲಿ ಅಕ್ಷರ ಹೆಕ್ಕುತ್ತ ಹೋದರೆ ಮುಂದಿನ ಶ್ಲೋಕ ಎದ್ದು ಬರುತ್ತದೆ, ಅರ್ಥ ಸಮೇತ. ಶ್ರೀರಂಗಕ್ಕೆ ದಂಡು ಬಂದಾಗ ಈ ದೇಶಿಕರು ನಮ್ಮ ಕೊಳ್ಳೇಗಾಲದ ಹತ್ತಿರದ ಸತ್ಯಾಗಾಲದಲ್ಲಿ ಆಶ್ರಯ ಪಡೆದರು ಎನ್ನುತ್ತದೆ ಸಂಪ್ರದಾಯ. ಇನ್ನು ಕಲ್ಯಾಣದ ಚಾಲುಕ್ಯರ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದ ತನ್ನ ಮಾನಸೋಲ್ಲಾಸದಲ್ಲಿ ಚದುರಂಗವನ್ನು ಅರಸನ ವಿನೋದಗಳಲ್ಲಿ ಒಂದಾಗಿ ವಿವರಿಸಿದ್ದಾನೆ. ಇಂಥ ಸೊತ್ತಿನ ವಾರಸುದಾರನಿಗೆ ಬೆವರ್ಲಿಯ ಹಂಗು ಏಕೆ? ಮುಮ್ಮಡಿಯವರು ಮಾಡಿದ್ದಿಷ್ಟೆ: ಅಕ್ಷರ ಕೂರುತ್ತಿದ್ದ ಮನೆಗಳಲ್ಲಿ ಅಂಕಿಯನ್ನು ಕೂರಿಸಿ, ಅರ್ಥದ ಬದಲು ಮೊತ್ತವನ್ನು ಕೇಳಿದರು. ಚಿತ್ರಕವಿ ಶಬ್ದಕ್ಕೆ ಒಡ್ಡುತ್ತಿದ್ದ ಪರೀಕ್ಷೆಯನ್ನು ಲೆಕ್ಕಕ್ಕೆ ಒಡ್ಡಿದರು. ಹಲಗೆಯನ್ನು ಹನ್ನೆರಡಕ್ಕೆ ಹಿಗ್ಗಿಸಿದ್ದರಲ್ಲೂ ನನಗೆ ಕಾಣುವುದು ಆ ಚಿತ್ರಕವಿಗಳ ಚಾಳಿಯೇ, ಒಂದು ಬಂಧ ಕೈಗೆ ಬಂದರೆ ಅದಕ್ಕಿಂತ ಬಿಗಿಯಾದದ್ದನ್ನು ಹುಡುಕುವುದು.

ಇದೆಲ್ಲ ದೊರೆಯೇ ಕಟ್ಟಿದ್ದೇ, ಆಸ್ಥಾನದ ಪಂಡಿತರು ಕಟ್ಟಿ ಒಡೆಯರ ಹೆಸರು ಹಾಕಿದ್ದೇ? ಅರಮನೆಯ ಗ್ರಂಥಗಳ ವಿಚಾರದಲ್ಲಿ ಈ ಅನುಮಾನ ಸಹಜ. ಮುಮ್ಮಡಿಯವರ ಹೆಸರಿನಲ್ಲಿರುವ, ಒಂಬತ್ತು ನಿಧಿಗಳ ಶ್ರೀತತ್ತ್ವನಿಧಿ ಒಬ್ಬರ ಕೈಯ ಕೆಲಸವಾಗಿರಲಾರದು. ಅದರ ಕೊನೆಯ ನಿಧಿಯಾದ ಕೌತುಕನಿಧಿ ಆಟಗಳಿಗೇ ಮೀಸಲು. ದೇವತೆಗಳ ಧ್ಯಾನಶ್ಲೋಕ ಹೇಳುವ ಗ್ರಂಥದಲ್ಲೇ ಗಂಜೀಫಾ ಎಲೆಗಳಿಗೂ ಜಾಗ ಸಿಕ್ಕಿದೆ ಎಂದರೆ ಆ ಅರಮನೆಯಲ್ಲಿ ಆಟ ಹೊತ್ತುಗಳೆಯುವ ಬಾಬತ್ತಾಗಿರಲಿಲ್ಲ, ವಿದ್ಯೆಯಾಗಿತ್ತು. 1861ರಲ್ಲಿ ಕಟ್ಟಿಸಿದ ಜಗನ್ಮೋಹನ ಅರಮನೆಯ ಗೋಡೆಗಳ ಮೇಲೂ ಆಟದ ಮನೆಗಳನ್ನು ಬರೆಸಿದ್ದಾರೆ. ಪಂಡಿತರ ಕೈ ಇತ್ತು ಎಂದೇ ಇಟ್ಟುಕೊಳ್ಳೋಣ. ಆಗ ನಾವು ಕಳೆದುಕೊಂಡದ್ದು ಹೆಚ್ಚೇ ಹೊರತು ಕಡಿಮೆಯಲ್ಲ: ಒಬ್ಬ ಅರಸನ ಜಾಗದಲ್ಲಿ ಕುದುರೆ ಲೆಕ್ಕ ಬಲ್ಲವರ ಒಂದು ಪಾಠಶಾಲೆಯೇ ಮೈಸೂರಿನಲ್ಲಿತ್ತು ಎಂದಾಗುತ್ತದೆ.

ಎದುರಾಳಿಯೇ ಇಲ್ಲದ್ದು ಚದುರಂಗ ಹೇಗಾದೀತು ಎನ್ನುವವರೂ ಇದ್ದಾರೆ. ಗೆದ್ದವರ ಪಟ್ಟಿಯನ್ನೇ ಚರಿತ್ರೆ ಎಂದುಕೊಂಡವರ ಮಾತು ಇದು. ಆ ಪಟ್ಟಿ ನೋಡಿದರೆ ಕರ್ನಾಟಕದ ಕತೆ ತೀರ ತಡವಾಗಿ ಶುರುವಾಗುತ್ತದೆ. ಚೆನ್ನೈನ ವಿಶ್ವನಾಥನ್ ಆನಂದ್ 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ನಮ್ಮ ರಾಜ್ಯದ ಮೊದಲ ಗ್ರ್ಯಾಂಡ್‌ಮಾಸ್ಟರ್ ಎಂ.ಎಸ್. ತೇಜ್‌ಕುಮಾರ್ ಆ ಪಟ್ಟ ಪಡೆದದ್ದು 2017ರಲ್ಲಿ. ಅವರೂ ಮೈಸೂರಿನವರೇ ಎನ್ನುವುದು ಕಾಕತಾಳೀಯವಿರಬಹುದು. ಆದರೂ ಅವರಿಗಿಂತ ಒಂದೂವರೆ ಶತಮಾನ ಹಿಂದೆ ಅದೇ ಊರಿನಲ್ಲಿ, ಎದುರಿಗೆ ಯಾರೂ ಇಲ್ಲದೆ, 144 ಮನೆಗಳ ಒಂದು ಆಟ ಪೂರ್ತಿಯಾಗಿತ್ತು. ಮೈಸೂರಿನಲ್ಲಿ ಮುಂದಿನ ಸಲ ಮಕ್ಕಳ ಚದುರಂಗ ಪಂದ್ಯ ನಡೆಸುವವರು ಪ್ರಶಸ್ತಿಪತ್ರದ ಹಿಂಬದಿಯಲ್ಲಿ ಆ ಹನ್ನೆರಡು ಸಾಲುಗಳನ್ನು ಕನ್ನಡ ಅಂಕಿಗಳಲ್ಲಿ ಅಚ್ಚು ಹಾಕಿಸಲಿ. ಸೋತ ಮಕ್ಕಳಿಗೂ ಒಂದೊಂದು ಪ್ರತಿ ಕೊಡಲಿ.