ನೆಲಕ್ಕಿಳಿಯದ ಸಿಂಗಳೀಕ

ಜೋಗದಲ್ಲಿ ಪ್ರವಾಸಿಗರ ಕೈಯಿಂದ ಚುರುಮುರಿ ಕಸಿಯೋ ಕೋತಿ ನಮ್ಮ ಶಿವಮೊಗ್ಗದವರಿಗೆಲ್ಲ ಗೊತ್ತು. ಅಲ್ಲಿಂದ ಹೊನ್ನಾವರದ ಕಡೆ ಹೋಗುವಾಗ ಸಿಗುವ ಕತ್ತಲೆಕಾನಿನಲ್ಲಿ ಬೇರೆಯದೇ ಕೋತಿಯಿದೆ: ಸಿಂಗಳೀಕ. ಕಪ್ಪು ಮೈ, ಮುಖದ ಸುತ್ತ ಬೂದು ಕೇಸರ, ಬಾಲದ ತುದಿಗೆ ಸಿಂಹದ ಹಾಗೆ ಕುಚ್ಚು. ಪಶ್ಚಿಮಘಟ್ಟ ಬಿಟ್ಟರೆ ಪ್ರಪಂಚದ ಇನ್ಯಾವ ಕಾಡಲ್ಲೂ ಇದಿಲ್ಲ.

ಇದರ ಬದುಕು ಹೆಚ್ಚುಕಮ್ಮಿ ಪೂರ್ತಿ ಮರದ ಮೇಲೇ. ಹಣ್ಣು, ಹುಳುಹುಪ್ಪಟೆ ಹುಡುಕುತ್ತಾ ಕೊಂಬೆಯಿಂದ ಕೊಂಬೆಗೆ ಗುಂಪಾಗಿ ಸಾಗುತ್ತೆ. ಗಂಡು ಕೂಗಿದರೆ ಬಹಳ ದೂರ ಕೇಳುತ್ತೆ. ಹೆಣ್ಣು ಹೆರೋದು ಒಂದು ಸಲಕ್ಕೆ ಒಂದೇ ಮರಿ, ಮುಂದಿನದಕ್ಕೆ ಎರಡು ಮೂರು ವರ್ಷ. ಹಾಗಾಗಿ ಒಂದು ಸತ್ತರೆ ಆ ಜಾಗ ಬೇಗ ತುಂಬಲ್ಲ.

ಕತ್ತಲೆಕಾನಿನ ವಿಶೇಷ ಅಂದ್ರೆ ರಾಮಪತ್ರೆ ಜಡ್ಡಿ. ಬೇಸಿಗೆಯಲ್ಲೂ ಒದ್ದೆಯಾಗಿರುವ ಈ ಕೆಸರಿನಲ್ಲಿ ಬೇರುಗಳು ಉಸಿರಾಡಲು ಮಂಡಿ ಮಡಚಿದಂತೆ ಮೇಲೆ ಬಂದಿರುತ್ತವೆ. ಇಂಥ ಜಡ್ಡಿಗಳೆಷ್ಟೋ ಗದ್ದೆ, ಅಡಿಕೆ ತೋಟಗಳಾಗಿ ಹೋಗಿವೆ. ಸಿಂಗಳೀಕ ತಿನ್ನುವ ಉಪ್ಪಾಗೆಯ ಸಿಪ್ಪೆಗೂ ಪೇಟೆಯಲ್ಲಿ ಬೆಲೆಯಿದೆ. ಹಾಗಾಗಿ ಅದೇ ಮರಕ್ಕೆ ಮನುಷ್ಯನೂ ಹತ್ತುತ್ತಾನೆ.

2019ರಲ್ಲಿ ಹಳೆಯ ಶರಾವತಿ ಅಭಯಾರಣ್ಯಕ್ಕೆ ಅಘನಾಶಿನಿ ಕಡೆಯ ಕಾಡನ್ನೂ ಸೇರಿಸಿ ಶರಾವತಿ ಕಣಿವೆ ಸಿಂಗಳೀಕ ಅಭಯಾರಣ್ಯ ಘೋಷಣೆಯಾಯಿತು. ಈಗ ಅದರೊಳಗೇ 2,000 ಮೆಗಾವಾಟ್‌ನ ಪಂಪ್ಡ್ ಸ್ಟೋರೇಜ್ ಯೋಜನೆ ತರಲು ಕರ್ನಾಟಕ ವಿದ್ಯುತ್ ನಿಗಮ ಹೊರಟಿದೆ. ಕರೆಂಟು ಮಿಕ್ಕಾಗ ಗೇರುಸೊಪ್ಪೆಯ ನೀರನ್ನು ತಲಕಳಲೆಗೆ ಎತ್ತೋದು, ಬೇಡಿಕೆ ಏರಿದಾಗ ಕೆಳಗೆ ಬಿಟ್ಟು ಕರೆಂಟು ತೆಗೆಯೋದು. ಒಂದು ದೊಡ್ಡ ಬ್ಯಾಟರಿ ಅನ್ನಿ. ಸೌರ ವಿದ್ಯುತ್ತು ಹೆಚ್ಚಿದಂತೆ ಇಂಥ ಬ್ಯಾಟರಿ ಬೇಕು, ನಿಜ. ದಿನವಿಡೀ ಕಂಪ್ಯೂಟರ್ ಮುಂದೆ ಕೂರುವ ನಾನು ಅದನ್ನು ಅಲ್ಲಗಳೆಯಲಾರೆ.

ಸುರಂಗ, ವಿದ್ಯುದಾಗಾರ ಎಲ್ಲ ನೆಲದಡಿ ತಾನೇ ಅನ್ನುವವರಿದ್ದಾರೆ. ಆದರೆ ಅಲ್ಲಿಗೆ ಯಂತ್ರ ಸಾಗಿಸುವ ರಸ್ತೆ ನೆಲದ ಮೇಲೇ ಆಗಬೇಕಲ್ಲ? ನಾವು ಕಾಡಿನ ನಷ್ಟವನ್ನು ಎಕರೆಯಲ್ಲಿ ಅಳೀತೀವಿ. ಸಿಂಗಳೀಕಕ್ಕೆ ಬೇಕಾದ ಲೆಕ್ಕ ಬೇರೆ: ಈ ಮರದ ಕೊಂಬೆ ಆ ಮರಕ್ಕೆ ತಾಗುತ್ತಾ, ಇಲ್ವಾ?

ತಮಿಳುನಾಡಿನ ವಾಲ್ಪಾರೈನಲ್ಲಿ ಟೀ ತೋಟಗಳ ನಡುವೆ ಕಾಡು ತುಂಡಾಗಿದೆ. ಅಲ್ಲಿನ ಸಿಂಗಳೀಕಗಳು ರಸ್ತೆಗಿಳಿದು ವಾಹನಕ್ಕೆ ಸಿಕ್ಕಿ ಸತ್ತಿವೆ. ಕೊನೆಗೆ ಮರದಿಂದ ಮರಕ್ಕೆ ಸೇತುವೆ ಕಟ್ಟಬೇಕಾಯಿತು. ನಮ್ಮ ಕಣಿವೆಯಲ್ಲಿ ಆ ಸೇತುವೆಯನ್ನು ಮರಗಳೇ ಕಟ್ಟಿಕೊಂಡಿವೆ. ಬ್ಯಾಟರಿಗೆ ಬೇರೆ ಜಾಗ ಹುಡುಕಬಹುದು, ಈ ಕಾಡಿಗೆ ಹುಡುಕೋಕಾಗಲ್ಲ.