ಸಂಗೀತ ಬೇಡವೆಂದವನ ಸಂಗೀತಗಾರ

ಚಲನಚಿತ್ರದ ನಿರ್ದೇಶಕನೊಬ್ಬನು ಸಂಗೀತ ಸಂಯೋಜಕನನ್ನು ಕರೆಸಿ, ತನ್ನ ಚಿತ್ರಕ್ಕೆ ಸಂಗೀತದ ಅವಶ್ಯಕತೆಯೇ ಇಲ್ಲವೆಂದು ಹೇಳಿದರೆ, ಕರೆಸಿಕೊಂಡವನು ಮುನಿದು ಎದ್ದುಹೋಗುವುದು ಲೋಕರೂಢಿ. ‘ಸೊಲಾರಿಸ್’ ಚಿತ್ರದ ಸಿದ್ಧತೆಯ ಕಾಲದಲ್ಲಿ ರಷ್ಯದ ನಿರ್ದೇಶಕ ಆಂದ್ರೆಯ್ ತಾರ್ಕೋವ್‌ಸ್ಕಿ ಹೇಳಿದ್ದು ಬಹುಮಟ್ಟಿಗೆ ಇದನ್ನೇ. ಆದರೆ ಸಂಯೋಜಕ ಎಡ್ವರ್ಡ್ ಆರ್ತೆಮ್ಯೆವ್ ಎದ್ದುಹೋಗಲಿಲ್ಲ. ನಿರ್ದೇಶಕನು ಬಯಸಿದ್ದು ಗೀತವನ್ನಲ್ಲ, ವಾದ್ಯಮೇಳವನ್ನಲ್ಲ. ಪ್ರಕೃತಿಯಲ್ಲಿ ಸಹಜವಾಗಿ ಕೇಳಿಬರುವ ಶಬ್ದಗಳನ್ನು ಸಂಗೀತಗಾರನ ಕಿವಿಯಿಂದ ಆಯ್ದು, ಹದಗೊಳಿಸಿ, ದೃಶ್ಯದೊಳಗೆ ಬೆರೆಸಿಕೊಡುವ ಒಬ್ಬ ಶಬ್ದಶಿಲ್ಪಿಯನ್ನು.

ಇಂಥ ಕೆಲಸಕ್ಕೆ ಆರ್ತೆಮ್ಯೆವನ ಪೂರ್ವಸಿದ್ಧತೆ ವಿಶೇಷವಾದದ್ದಾಗಿತ್ತು. 1937ರಲ್ಲಿ ಸೈಬೀರಿಯದ ನೊವೊಸಿಬಿರ್ಸ್ಕ್ ನಗರದಲ್ಲಿ ಹುಟ್ಟಿ, ಮಾಸ್ಕೋದ ವೃಂದಗಾನ ಶಾಲೆಯಲ್ಲಿ ಬೆಳೆದು, 1960ರಲ್ಲಿ ಅಲ್ಲಿನ ಸಂಗೀತ ಮಹಾವಿದ್ಯಾಲಯದಿಂದ ಸಂಯೋಜನೆಯ ಪದವಿ ಪಡೆದು ಹೊರಬಂದ ಈ ತರುಣನಿಗೆ, ಅದೇ ವರ್ಷ ಯೆವ್ಗೆನಿ ಮೂರ್ಜಿನ್ ಎಂಬ ಎಂಜಿನಿಯರನ ಪರಿಚಯವಾಯಿತು. ಸೈನ್ಯಕ್ಕೆ ಬೇಕಾದ ಉಪಕರಣಗಳನ್ನು ರಚಿಸುವುದು ಮೂರ್ಜಿನನ ಉದ್ಯೋಗ. ರಷ್ಯದ ಸಂಯೋಜಕ ಸ್ಕ್ರ್ಯಾಬಿನನ ಸಂಗೀತವಾದರೋ ಆತನ ವ್ಯಸನ. ಇಪ್ಪತ್ತು ವರ್ಷಗಳಷ್ಟು ದೀರ್ಘಕಾಲ ಮನಸ್ಸಿನಲ್ಲಿಯೂ ಕಾಗದದ ಮೇಲೆಯೂ ಬೆಳೆಸಿ, ಕೊನೆಗೆ ಕಟ್ಟಿ ನಿಲ್ಲಿಸಿದ ಯಂತ್ರಕ್ಕೆ ಆತನು ಅಲೆಕ್ಸಾಂದರ್ ನಿಕೊಲಾಯೆವಿಚ್ ಸ್ಕ್ರ್ಯಾಬಿನ್ ಎಂಬ ಹೆಸರಿನ ಮೊದಲಕ್ಷರಗಳನ್ನು ಕೂಡಿಸಿ ‘ಎ.ಎನ್.ಎಸ್.’ ಎಂದು ಹೆಸರಿಟ್ಟನು. ಮಾಸ್ಕೋದಲ್ಲಿರುವ ಸ್ಕ್ರ್ಯಾಬಿನನ ಮನೆಯೇ ಕೆಲಕಾಲ ಅದರ ನೆಲೆಯೂ ಆಯಿತು.

ಆ ಯಂತ್ರದ ವೈಚಿತ್ರ್ಯವನ್ನು ಸ್ವಲ್ಪ ವಿವರಿಸಿಯೇ ಹೇಳಬೇಕು. ಅದಕ್ಕೆ ತಂತಿಯಿಲ್ಲ, ಊದುವ ಕೊಳವೆಯಿಲ್ಲ. ಒಳಗೆ ಗಾಜಿನ ಐದು ಚಕ್ರಗಳು ತಿರುಗುತ್ತವೆ. ಒಂದೊಂದರ ಮೇಲೂ 144 ಧ್ವನಿರೇಖೆಗಳು. ಒಟ್ಟು 720 ಶುದ್ಧಸ್ವರಗಳು ಬೆಳಕಿನ ರೂಪದಲ್ಲಿ ಸದಾ ಸಿದ್ಧವಾಗಿರುತ್ತವೆ. ಪಿಯಾನೊ ಹನ್ನೆರಡು ಭಾಗ ಮಾಡಿಕೊಂಡು ತೃಪ್ತಿಪಡುವ ಸ್ಥಾಯಿಯನ್ನು ಇದು 72 ಭಾಗ ಮಾಡುತ್ತದೆ. ಸಂಯೋಜಕನು ಒಣಗದ ಕಪ್ಪು ಲೇಪವನ್ನು ಬಳಿದ ಗಾಜಿನ ಹಲಗೆಯೊಂದನ್ನು ಮುಂದಿಟ್ಟುಕೊಂಡು, ಅದರ ಮೇಲೆ ಗೀಚುತ್ತಾನೆ. ಗೀಚಿದ ಎಡೆಯಲ್ಲಿ ಮಾತ್ರ ಬೆಳಕು ಹಾದುಹೋಗಿ, ಹಲಗೆ ಸರಿದಂತೆಲ್ಲ ಆ ಬೆಳಕು ವಿದ್ಯುತ್ತಾಗಿ, ವಿದ್ಯುತ್ತು ನಾದವಾಗಿ ಹೊರಡುತ್ತದೆ. ಗೀಟು ಮೇಲಿದ್ದಷ್ಟೂ ಶ್ರುತಿ ಏರುತ್ತದೆ, ಉದ್ದವಿದ್ದಷ್ಟೂ ನಾದ ನಿಲ್ಲುತ್ತದೆ. ತಪ್ಪಿದರೆ ಬೆರಳಿನಿಂದ ಲೇಪವನ್ನು ಸವರಿ ಮತ್ತೆ ಗೀಚಬಹುದು. ಸ್ವರಲಿಪಿಯನ್ನು ಓದಿ ನುಡಿಸುವವನ ಹಂಗೇ ಇಲ್ಲದೆ, ಬರೆದದ್ದೇ ಕೇಳಿಸುವ ಈ ವ್ಯವಸ್ಥೆ ಕಂಪ್ಯೂಟರ್ ಯುಗಕ್ಕೆ ಎಷ್ಟೋ ಮುಂಚಿನದೆಂಬುದನ್ನು ನೆನೆದರೆ ಆಶ್ಚರ್ಯವಾಗದಿರದು.

‘ಸೊಲಾರಿಸ್’ 1972ರಲ್ಲಿ ತೆರೆಕಂಡಿತು. ಅದರಲ್ಲಿ ಭೂಮಿಯ ನೆನಪಿಗೆ ಬಾಖನ ಆರ್ಗನ್ ರಚನೆಯೊಂದು ಮೀಸಲಾಯಿತು. ಕಥೆಯಲ್ಲಿ ಬರುವ, ಚಿಂತಿಸಬಲ್ಲ ವಿಚಿತ್ರ ಸಾಗರಕ್ಕೆ ಎ.ಎನ್.ಎಸ್. ಯಂತ್ರದ ಮೊರೆತ ಒದಗಿತು. ಆದರೆ ಆರ್ತೆಮ್ಯೆವನ ಪ್ರತಿಭೆ ಪರಿಪಾಕಗೊಂಡದ್ದು 1979ರ ‘ಸ್ಟಾಕರ್’ ಚಿತ್ರದಲ್ಲಿ ಎಂದು ನನ್ನ ಅಭಿಪ್ರಾಯ. ಮೂವರು ಪಯಣಿಗರು ಹಳಿಯ ಮೇಲಿನ ಪುಟ್ಟ ಟ್ರಾಲಿಯಲ್ಲಿ ಕುಳಿತು ನಿಷಿದ್ಧ ಪ್ರದೇಶಕ್ಕೆ ಸಾಗುವ ದೃಶ್ಯದಲ್ಲಿ ಅವರ ತಲೆಗಳ ವಿನಾ ಬೇರೇನೂ ಸ್ಪಷ್ಟವಾಗಿ ಕಾಣುವುದಿಲ್ಲ, ಗಾಲಿಗಳ ಖಣಖಣದ ವಿನಾ ಬೇರೇನೂ ಕೇಳುವುದಿಲ್ಲ. ಆ ಖಣಖಣವು ಮೆಲ್ಲಮೆಲ್ಲಗೆ ಮಾರ್ದನಿಗೊಂಡು, ಲೋಹದ ಗುಣವನ್ನು ಕಳೆದುಕೊಂಡು, ಬೇರೊಂದು ಲೋಕದ ನಾದವಾಗಿ ಪರಿಣಮಿಸುತ್ತದೆ. ಸದ್ದು ಯಾವ ಕ್ಷಣದಲ್ಲಿ ಸಂಗೀತವಾಯಿತೆಂಬುದನ್ನು ಎರಡನೆಯ ಸಲ ಕಿವಿಗೊಟ್ಟು ಕೇಳಿದರೂ ಗುರುತಿಸುವುದು ಕಷ್ಟ.

ಅದೇ ಚಿತ್ರದ ಮುಖ್ಯ ಸಂಗೀತದಲ್ಲಿ ನಮಗೆ ಸಂಬಂಧಪಟ್ಟ ಒಂದಂಶವಿದೆ. ಪೂರ್ವಪಶ್ಚಿಮಗಳು ಸಂಧಿಸುವ ಭಾವ ಬೇಕೆಂದು ತಾರ್ಕೋವ್‌ಸ್ಕಿಯ ಅಪೇಕ್ಷೆ. ವಾದ್ಯವೃಂದಕ್ಕೆ ಬರೆದ ಮೊದಲ ಪ್ರಯತ್ನ ಆತನಿಗೆ ಒಪ್ಪಿಗೆಯಾಗಲಿಲ್ಲ. ಆಗ ಆರ್ತೆಮ್ಯೆವನ ನೆರವಿಗೆ ಬಂದದ್ದು ಭಾರತೀಯ ಸಂಗೀತದ ಆಧಾರಶ್ರುತಿಯ ಕಲ್ಪನೆ. ತಂಬೂರಿಯಂತೆ ಅಚಲವಾಗಿ ನಿಂತ ನಾದವನ್ನು ಹಿಂದಿಟ್ಟು, ಅದರ ಮೇಲೆ ಮಧ್ಯಯುಗದ ಇಟಲಿಯ, ಕರ್ತೃ ಯಾರೆಂದು ತಿಳಿಯದ ಧಾಟಿಯೊಂದನ್ನು ಕೊಳಲಿನಲ್ಲಿ ಹರಿಯಬಿಟ್ಟು, ಕಾಕಸಸ್ ಸೀಮೆಯ ‘ತಾರ್’ ಎಂಬ ತಂತಿವಾದ್ಯವನ್ನು ಜತೆಗೂಡಿಸಿದನು. ಹಾರ್ಮನಿಯ ಆರೋಹಣ ಅವರೋಹಣಗಳಲ್ಲೇ ಶಿಕ್ಷಣ ಪಡೆದವನು ನಿಶ್ಚಲತೆಯನ್ನು ಇಷ್ಟು ಧೈರ್ಯದಿಂದ ಅವಲಂಬಿಸಿದ್ದು ಸಾಮಾನ್ಯ ಸಂಗತಿಯಲ್ಲ.

ದೇಶಬಿಟ್ಟ ಮೇಲೆ ತಾರ್ಕೋವ್‌ಸ್ಕಿ ತೆಗೆದ ಎರಡು ಚಿತ್ರಗಳಲ್ಲಿ ಆರ್ತೆಮ್ಯೆವನ ಪಾತ್ರವಿಲ್ಲ. ಆ ವೇಳೆಗೆ ಸಂಯೋಜಕನಿಲ್ಲದೆಯೂ ಶಬ್ದವನ್ನು ಆಳುವುದನ್ನು ನಿರ್ದೇಶಕನು ಕಲಿತಿದ್ದನು. ಕಲಿಸಿದವರು ಯಾರೆಂಬುದನ್ನು ಊಹಿಸಬಹುದು. ಅತ್ತ ರಷ್ಯದ ಜನಸಾಮಾನ್ಯರಿಗೆ ಆರ್ತೆಮ್ಯೆವ್ ಆಪ್ತನಾದದ್ದು ಈ ಗಹನ ಪ್ರಯೋಗಗಳಿಂದಲ್ಲ, ನಿಕಿತ ಮಿಖಾಲ್ಕೊವನ ಚಿತ್ರಗಳಿಗೆ ಕೊಟ್ಟ ನಿಸ್ಸಂಕೋಚವಾದ, ತುಂಬುಕಂಠದ ರಾಗಗಳಿಂದ. ಮಿಖಾಲ್ಕೊವನ ಅಣ್ಣ ಆಂದ್ರೆಯ್ ಕೊಂಚಲೋವ್‌ಸ್ಕಿಯ ‘ಸಿಬಿರಿಯಾದ’ ಚಿತ್ರಕ್ಕೂ, ಮಾಸ್ಕೋದ 1980ರ ಒಲಿಂಪಿಕ್ ಕ್ರೀಡೋತ್ಸವಕ್ಕೂ ಆತನು ಸಂಗೀತ ರಚಿಸಿದನು. 2022ರ ಡಿಸೆಂಬರ್ 29ರಂದು, ಕಾಕತಾಳೀಯವಾಗಿ ತಾರ್ಕೋವ್‌ಸ್ಕಿ ತೀರಿಕೊಂಡ ತಾರೀಖಿನಂದೇ, ನಿಧನನಾದನು. ದಾಸ್ತಯೇವ್‌ಸ್ಕಿಯ ‘ಅಪರಾಧ ಮತ್ತು ಶಿಕ್ಷೆ’ಯನ್ನು ಆಧರಿಸಿ ಆರ್ತೆಮ್ಯೆವ್ ದಶಕಗಳ ಕಾಲ ತಿದ್ದಿತೀಡಿದ ಗೀತನಾಟಕವು ಮಾಸ್ಕೋದ ರಂಗವನ್ನು ಏರಿದ್ದು 2016ರಲ್ಲಿ; ಆಗ ಆತನಿಗೆ ಎಪ್ಪತ್ತೆಂಟು ವರ್ಷ.