ಸಾಕುನಾಯಿಯ ಜಂತುಬಾಧೆ ಮತ್ತು ಅದರ ಚಿಕಿತ್ಸೆ

ಊರಿನ ಮನೆಗಳಲ್ಲಿ ನಾಯಿಗೆ ಜಗಲಿಯೂ ಹಿತ್ತಲೂ ಇದ್ದವು. ಮಹಾನಗರದ ಎರಡು ಕೋಣೆಗಳ ಬಿಡಾರದಲ್ಲಿ ಅದು ಮಕ್ಕಳೊಡನೆ ಆಡಿ, ಮಕ್ಕಳ ಹಾಸಿಗೆಯ ಮಗ್ಗುಲಲ್ಲೇ ಮಲಗುತ್ತದೆ. ಆದುದರಿಂದ ನಾಯಿಯ ಹೊಟ್ಟೆಯ ಹುಳು ಇಲ್ಲಿ ಇಡೀ ಮನೆಯ ಆರೋಗ್ಯಕ್ಕೆ ಸಂಬಂಧಿಸಿದ ವಿಷಯವಾಗಿದೆ.

ನಾಯಿಯ ಕರುಳಿನಲ್ಲಿ ನೆಲೆಸುವ ಹುಳುಗಳಲ್ಲಿ ಮುಖ್ಯವಾದವು ದುಂಡುಹುಳು, ಕೊಕ್ಕೆಹುಳು, ಚಾಟಿಹುಳು ಮತ್ತು ಲಾಡಿಹುಳು. ಇವುಗಳಲ್ಲಿ 'ಟಾಕ್ಸೊಕಾರಾ ಕೇನಿಸ್' ಎಂಬ ದುಂಡುಹುಳು ಮರಿಗಳ ಪರಮಶತ್ರು. ತಾಯಿಯ ಮಾಂಸಖಂಡಗಳಲ್ಲಿ ಸುಪ್ತವಾಗಿದ್ದ ಇದರ ಲಾರ್ವಾಗಳು ಗರ್ಭಕಾಲದಲ್ಲಿ ಎಚ್ಚೆತ್ತು ಮರಿಯ ದೇಹವನ್ನು ಸೇರುತ್ತವೆ. ಹುಟ್ಟಿದ ಮೇಲೆ ಮೊಲೆಹಾಲಿನ ಮೂಲಕವೂ ಬರುತ್ತವೆ. ಎಂತಲೇ ಅತ್ಯಂತ ಶುಚಿಯಾದ ಮನೆಯಲ್ಲಿ ಹುಟ್ಟಿದ ಮರಿಯಲ್ಲೂ ಹುಳು ಇರಬಹುದು. ಡೊಳ್ಳುಹೊಟ್ಟೆ, ಕಾಂತಿಹೀನ ಕೂದಲು, ವಾಂತಿ, ಭೇದಿ, ತಿಂದರೂ ಮೈಗೆ ಹತ್ತದಿರುವುದು ಇದರ ಲಕ್ಷಣಗಳು. ಕೊಕ್ಕೆಹುಳು ರಕ್ತವನ್ನು ಹೀರುತ್ತದೆ. ಒಸಡು ಬಿಳಿಚಿಕೊಂಡು, ಮಲ ಡಾಂಬರಿನಂತೆ ಕಪ್ಪಾದರೆ ತಡಮಾಡದೆ ಪಶುವೈದ್ಯರಲ್ಲಿಗೆ ಒಯ್ಯಬೇಕು. ಎಳೆಯ ಮರಿ ರಕ್ತಹೀನತೆಯಿಂದಲೇ ಸಾಯಬಹುದು. ಬಾಲದ ಬುಡದಲ್ಲಿ ಅಕ್ಕಿಕಾಳಿನಂಥ ತುಣುಕುಗಳು ಕಂಡರೆ ಅದು ಲಾಡಿಹುಳುವಿನ ಗುರುತು. ಲಾರ್ವಾವನ್ನು ಹೊತ್ತ ಚಿಗಟವನ್ನು ನಾಯಿ ನುಂಗಿದಾಗ ಈ ಹುಳು ಒಳಸೇರುತ್ತದೆ. ಚಿಗಟ ನಿವಾರಣೆಯಾಗದ ಹೊರತು ಅದು ಮತ್ತೆ ಮತ್ತೆ ಬರುತ್ತಿರುತ್ತದೆ.

ಒಂದೇ ಔಷಧಿ ಎಲ್ಲ ಹುಳುಗಳಿಗೂ ನಾಟುವುದಿಲ್ಲ. ಪೈಪರಜಿನ್ ದುಂಡುಹುಳುವಿಗೆ ಮಾತ್ರ ಸೂಕ್ತ. ಪೈರಾಂಟೆಲ್ ದುಂಡುಹುಳು ಹಾಗೂ ಕೊಕ್ಕೆಹುಳುಗಳನ್ನೂ, ಫೆನ್‌ಬೆಂಡಜೋಲ್ ಇವೆರಡರ ಜೊತೆಗೆ ಚಾಟಿಹುಳುವನ್ನೂ, ಪ್ರಾಜಿಕ್ವಾಂಟೆಲ್ ಲಾಡಿಹುಳುವನ್ನೂ ನಾಶಮಾಡುತ್ತವೆ. ಪ್ರಮಾಣವು ನಾಯಿಯ ತೂಕವನ್ನು ಅವಲಂಬಿಸಿದೆ. ಯಜಮಾನರು ನಾಯಿಯನ್ನೆತ್ತಿಕೊಂಡು ತೂಕದ ಯಂತ್ರದ ಮೇಲೆ ನಿಂತು, ಬಳಿಕ ತಾವೊಬ್ಬರೇ ನಿಂತು, ಮೊದಲಿನದರಿಂದ ಎರಡನೆಯದನ್ನು ಕಳೆದರೆ ನಾಯಿಯ ತೂಕ ಸಿಗುತ್ತದೆ. ಮರಿಗೆ 2 ವಾರವಾದಾಗ ಮೊದಲ ಮದ್ದು, ಆಮೇಲೆ 8 ವಾರ ತುಂಬುವ ತನಕ 2 ವಾರಕ್ಕೊಮ್ಮೆ, 6 ತಿಂಗಳವರೆಗೆ ತಿಂಗಳಿಗೊಮ್ಮೆ, ಮುಂದೆ 3 ತಿಂಗಳಿಗೊಮ್ಮೆ ಕೊಡುವುದು ಸಾಮಾನ್ಯ ಕ್ರಮ. ಹಾಲೂಡುವ ತಾಯಿಗೂ ಮರಿಗಳೊಡನೆಯೇ ಕೊಡಬೇಕು. ಮದ್ದು ಕರುಳಿನ ಹುಳುವನ್ನು ಕೊಂದರೂ ಮೈಯಲ್ಲಿ ಅಲೆಯುವ ಲಾರ್ವಾಗಳೆಲ್ಲವನ್ನೂ ಮುಟ್ಟಲಾರದು. ಸಾಲದ ಕಂತು ತಪ್ಪಿದರೆ ಬಾಕಿ ಬೆಳೆಯುವಂತೆ, ಮದ್ದಿನ ಸರದಿ ತಪ್ಪಿದರೆ ಹುಳುವೂ ಬೆಳೆಯುತ್ತದೆ. ಬೆಳ್ಳುಳ್ಳಿ ತಿನ್ನಿಸುವ ಮನೆಮದ್ದು ಸಲ್ಲದು. ಅದು ನಾಯಿಯ ಕೆಂಪು ರಕ್ತಕಣಗಳಿಗೆ ಹಾನಿಕರ.

ಮಲದೊಡನೆ ಹೊರಬಿದ್ದ ದುಂಡುಹುಳುವಿನ ಮೊಟ್ಟೆಯು ಕೂಡಲೇ ಸೋಂಕು ಹರಡದು. ಅದು ಪಕ್ವವಾಗಲು ಸಾಮಾನ್ಯವಾಗಿ 2ರಿಂದ 4 ವಾರ ಬೇಕು. ಆನಂತರ ಮಣ್ಣಿನಲ್ಲಿ ವರ್ಷಗಟ್ಟಲೆ ಜೀವ ಹಿಡಿದಿರುತ್ತದೆ. ಅಂಥ ಮಣ್ಣಿನಲ್ಲಿ ಆಡಿದ ಮಗು ಕೈತೊಳೆಯದೆ ತಿಂದರೆ ಲಾರ್ವಾಗಳು ಯಕೃತ್ತಿಗೂ ಶ್ವಾಸಕೋಶಕ್ಕೂ, ಅಪರೂಪಕ್ಕೆ ಕಣ್ಣಿಗೂ ತಲುಪಿ ದೃಷ್ಟಿಯನ್ನೇ ಕೆಡಿಸಬಲ್ಲವು. ದಿನದ ಮಲವನ್ನು ಅಂದೇ ಎತ್ತಿಹಾಕುವುದು, ಮಕ್ಕಳಿಗೆ ಕೈತೊಳೆಯುವ ಅಭ್ಯಾಸ ಮಾಡಿಸುವುದು, ಇವೆರಡೂ ಖರ್ಚಿಲ್ಲದ ರಕ್ಷಣೆಗಳು.

ಮುಂಬಯಿಯ ಪರೇಲದಲ್ಲಿರುವ ಬಾಯಿ ಸಕರಬಾಯಿ ದಿನ್‌ಶಾ ಪೆಟಿಟ್ ಪಶು ಆಸ್ಪತ್ರೆ, ಚೆನ್ನೈಯ ವೇಪೇರಿಯಲ್ಲಿರುವ ಪಶುವೈದ್ಯ ಕಾಲೇಜಿನ ಆಸ್ಪತ್ರೆಯಂಥವು ಮಹಾನಗರವಾಸಿಗಳಿಗೆ ದೊರೆತಿರುವ ಅನುಕೂಲಗಳು. ಮಲದ ಮಾದರಿಯನ್ನು ಸೂಕ್ಷ್ಮದರ್ಶಕದಲ್ಲಿ ಪರೀಕ್ಷಿಸಿದರೆ ಹುಳು ಯಾವುದೆಂಬುದು ಬಹುಮಟ್ಟಿಗೆ ತಿಳಿದುಬರುತ್ತದೆ. ಗೋಡೆಯ ಕ್ಯಾಲೆಂಡರಿನಲ್ಲಿ ಹಬ್ಬಹರಿದಿನಗಳ ಜೊತೆಗೆ ನಾಯಿಯ ಮದ್ದಿನ ದಿನವನ್ನೂ ಗುರುತಿಟ್ಟುಕೊಂಡರೆ ಮರೆವಿಗೆ ಎಡೆಯಿರದು.